ಆಸ್ಟಿಯರ್ ಎಂಬ ಒಗರು ಮಾತು

ಶಿರಸಿ

ಪ್ರಿಯ ತಂಗಿಗೆ,

ನಿನ್ನ ಅನುವಾದದ ಕಟ್ಟು ಪೂರ್ತಿ ಓದಿದೆ. ಇಂಗ್ಲಿಷಿನ ಪ್ರವಾಸ ಕಥನ ಕನ್ನಡದಲ್ಲಿ ಸಲೀಸಾಗಿ ಓದಿಸಿಕೊಳ್ಳುತ್ತದೆ, ಅದರ ಬಗ್ಗೆ ಚಿಂತೆ ಬೇಡ. ತಕರಾರು ಇರುವುದು ಒಂದೇ ಮಾತಿನ ಬಗ್ಗೆ. ಮೂಲದಲ್ಲಿ ‘ಆಸ್ಟಿಯರ್’ (austere) ಎಂದು ಕಂಡಲ್ಲೆಲ್ಲ ನೀನು ‘ಸರಳ’ ಎಂದು ಹಾಕುತ್ತ ಹೋಗಿದ್ದೀಯ. ಆಸ್ಟಿಯರ್ ಕೋಣೆ ಸರಳ ಕೋಣೆಯಾಗಿದೆ, ಆಸ್ಟಿಯರ್ ಮಾಸ್ತರು ಸರಳ ಮಾಸ್ತರಾಗಿದ್ದಾರೆ, ಆಸ್ಟಿಯರ್ ವೈನ್ ಸರಳ ವೈನ್ ಆಗಿದೆ. ಮೊದಲನೆಯದು ಅರ್ಧ ಸರಿ. ಎರಡನೆಯದು ಪೂರಾ ಉಲ್ಟಾ. ಮೂರನೆಯದಕ್ಕೆ ಅರ್ಥವೇ ಹುಟ್ಟುವುದಿಲ್ಲ.

ತಪ್ಪು ಹೇಗೆ ಆಗುತ್ತದೆಂದು ಗೊತ್ತು. ನಿಘಂಟು ತೆಗೆದರೆ ಕಠಿಣ, ಕಠೋರ, ವಿರಕ್ತ, ನಿರಾಡಂಬರ, ಸರಳ ಎಂದು ಸಾಲಾಗಿ ಕೊಟ್ಟಿರುತ್ತಾರೆ. ಕಣ್ಣಿಗೆ ಹಿತವಾಗಿ ಕಂಡದ್ದನ್ನು ಎತ್ತಿಕೊಂಡು ಮುಂದೆ ಹೋಗುತ್ತೇವೆ. ಆದರೆ ಈ ಅರ್ಥಗಳು ಅಂಗಡಿಯ ಸಾಮಾನಿನ ಹಾಗೆ ಬೇಕಾದ್ದು ಆರಿಸಿಕೋ ಎಂದು ಇಟ್ಟವಲ್ಲ, ಒಂದರಿಂದ ಒಂದು ಹುಟ್ಟಿದವು. ಹುಟ್ಟಿದ ದಾರಿ ತಿಳಿದರೆ ಯಾವ ವಾಕ್ಯದಲ್ಲಿ ಯಾವುದು ಎಂದು ನಿನಗೇ ಹೊಳೆಯುತ್ತದೆ.

ಗ್ರೀಕಿನಲ್ಲಿ ‘ಔಸ್ಟೇರೋಸ್’ ಎಂದರೆ ನಾಲಿಗೆಯನ್ನು ಒಣಗಿಸುವ ರುಚಿ. ಹಣ್ಣಿಗೆ, ದ್ರಾಕ್ಷಾರಸಕ್ಕೆ ಹೇಳುತ್ತಿದ್ದ ಮಾತು ಅದು. ‘ಒಣಗು’ ಎಂಬರ್ಥದ ಹಳೆಯ ಬೇರಿನಿಂದ ಬಂದದ್ದು. ಸಂಸ್ಕೃತದ ‘ಶುಷ್ಕ’ ಕೂಡ ಅದೇ ಬೇರಿನದು. ಲ್ಯಾಟಿನ್ ಮತ್ತು ಫ್ರೆಂಚ್ ದಾಟಿ 14ನೇ ಶತಮಾನದ ಹೊತ್ತಿಗೆ ಇಂಗ್ಲಿಷಿಗೆ ಇಳಿಯಿತು. ಈ ರುಚಿಗೆ ಇಂಗ್ಲಿಷಿನಲ್ಲಿ ಮನೆಮಾತು ಅಂತ ಒಂದಿಲ್ಲ, ‘ಅಸ್ಟ್ರಿಂಜೆಂಟ್’ ಎಂಬ ಪುಸ್ತಕದ ಮಾತಿದೆ ಅಷ್ಟೇ. ನಮಗಾದರೋ ಸಿಹಿ, ಹುಳಿ, ಉಪ್ಪು, ಖಾರ, ಕಹಿಯ ಜೊತೆ ಒಗರೂ ಎಣಿಕೆಗೆ ಸೇರಿದ್ದೇ. ಅಡಿಕೆ ಸೀಮೆಯ ನಿನಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಎಳೆ ಅಡಿಕೆ ಕಚ್ಚಿದಾಗ ಆಗುವುದು, ಕೆಂಪಡಿಕೆ ಬೇಯಿಸಿದ ಹಂಡೆಯಲ್ಲಿ ಉಳಿಯುವ ಚೊಗರು ನಾಲಿಗೆಗೆ ತಾಗಿದರೆ ಆಗುವುದು, ಕರಾವಳಿಗೆ ಇಳಿದರೆ ಗೇರುಹಣ್ಣು ತಿಂದಾಗ ಗಂಟಲು ಹಿಡಿಯುವುದು, ಎಲ್ಲ ಒಂದೇ. ಇವುಗಳಲ್ಲಿರುವ ಟ್ಯಾನಿನ್ ಎಂಬ ಒಗರಿನ ಅಂಶ ಹೋಗಿ ಜೊಲ್ಲಿನ ಪ್ರೋಟೀನಿಗೆ ಅಂಟಿಕೊಳ್ಳುತ್ತದೆ, ಜೊಲ್ಲಿನ ಜಾರುವ ಗುಣ ಹೋಗುತ್ತದೆ, ನಾಲಿಗೆ ಅಂಗುಳಕ್ಕೆ ಉಜ್ಜಿದಂತಾಗುತ್ತದೆ.

ಇಲ್ಲಿಂದ ಮುಂದೆ ಹೆಜ್ಜೆ ಹೆಜ್ಜೆಯಾಗಿ ನೋಡು. ಬಾಯಿ ಒಣಗಿಸುವ ಹಣ್ಣು ಮೊದಲು. ಆಮೇಲೆ ಎದುರು ನಿಂತರೆ ಬಾಯಿ ಒಣಗಿಸುವ ಮನುಷ್ಯ: ನಗೆಯಿಲ್ಲ, ರಿಯಾಯಿತಿಯಿಲ್ಲ. ಅಂಥವನು ತನಗೂ ರಿಯಾಯಿತಿ ಕೊಟ್ಟುಕೊಳ್ಳದಿದ್ದರೆ ಅವನ ಬದುಕು ಆಸ್ಟಿಯರ್. ಆ ಬದುಕು ನಡೆಯುವ ಕೋಣೆ, ಕಟ್ಟಡ, ಅವನು ಬರೆಯುವ ಗದ್ಯ, ಇವೂ ಆಸ್ಟಿಯರ್. ‘ಅಲಂಕಾರವಿಲ್ಲದ’ ಎಂಬರ್ಥ ಈ ಸಾಲಿನ ಕೊನೆಯಲ್ಲಿ ಕೂತಿದೆ, ಅದರ ಹಿಂದೆ ಬಿಗಿ ಮುಖದ ಮನುಷ್ಯ ನಿಂತೇ ಇರುತ್ತಾನೆ. ಅವನನ್ನು ಮರೆತಾಗಲೇ ‘ಸರಳ’ ಎಂಬ ಮಾತು ಬಂದು ಕೂರುವುದು.

1611ರ ಇಂಗ್ಲಿಷ್ ಬೈಬಲಿನಲ್ಲಿ, ಲೂಕನ ಸುವಾರ್ತೆಯ 19ನೇ ಅಧ್ಯಾಯದಲ್ಲಿ, ಒಬ್ಬ ಆಳು ಧಣಿಗೆ ನೀನು ಆಸ್ಟಿಯರ್ ಮನುಷ್ಯ, ಅದಕ್ಕೇ ನಿನಗೆ ಹೆದರಿದೆ ಎನ್ನುತ್ತಾನೆ. ಧಣಿ ಎಂಥವನೆಂದರೆ ಬಿತ್ತದ ಕಡೆ ಕೊಯ್ಯುವವನು. ಅಲ್ಲಿ ‘ಸರಳ’ ಹಾಕಿ ನೋಡು, ಆಳು ಯಾಕೆ ಹೆದರಿದ ಎಂಬುದೇ ಓದುಗರಿಗೆ ತಿಳಿಯುವುದಿಲ್ಲ. ನಿನ್ನ ಎರಡನೇ ಅಧ್ಯಾಯದ ಮಾಸ್ತರಿಗೂ ಆದದ್ದು ಇದೇ. ಮೂಲದ ಲೇಖಕ ‘ಮಕ್ಕಳು ಗಪ್‌ಚಿಪ್ಪಾಗಿ ಕೂತಿದ್ದರು’ ಎಂದು ಮುಂದಿನ ವಾಕ್ಯದಲ್ಲೇ ಹೇಳುತ್ತಾನೆ. ‘ಬಿಗಿ ಮಾಸ್ತರು’ ಎಂದು ಬರೆ, ಸಾಕು. ‘ಕಠೋರ’ ಬೇಡ, ಅದರಲ್ಲಿ ಕ್ರೌರ್ಯದ ವಾಸನೆ ಇದೆ. ಆಸ್ಟಿಯರ್ ಮನುಷ್ಯ ಹೊಡೆಯಬೇಕೆಂದೇನಿಲ್ಲ, ನೋಡಿದರೆ ಸಾಕು.

ಈಗ ‘ಸರಳ’ದ ಕಡೆಗೆ ಬಾ. ಕನ್ನಡದಲ್ಲಿ ಈ ಮಾತು ಸಿಕ್ಕಾಪಟ್ಟೆ ಕೆಲಸ ಮಾಡುತ್ತದೆ. ಸರಳ ರೇಖೆ ನೇರ, ಸರಳ ಬಡ್ಡಿ ಲೆಕ್ಕ ಸುಲಭ, ಸರಳ ವಿವಾಹ ಖರ್ಚು ಕಡಿಮೆ, ಸರಳ ಮನುಷ್ಯ ಜಂಭವಿಲ್ಲದವನು, ಸರಳ ಭಾಷೆ ಎಲ್ಲರಿಗೂ ತಿಳಿಯುವುದು. ಆಸ್ಟಿಯರ್ ಮಾತಿಗೆ ‘ಸುಲಭ’ ಎಂಬರ್ಥ ಎಲ್ಲಿಯೂ ಇಲ್ಲ. ಜಂಭವಿಲ್ಲದ, ಯಾರು ಹೋದರೂ ಮಾತಾಡಿಸುವ ಮನುಷ್ಯನಿಗೂ ಅದನ್ನು ಹೇಳುವುದಿಲ್ಲ. ಆಸ್ಟಿಯರ್ ವಿವರಣೆ, ಆಸ್ಟಿಯರ್ ಮಗು, ಆಸ್ಟಿಯರ್ ಲೆಕ್ಕ ಎಂದರೆ ಇಂಗ್ಲಿಷಿನವರ ಕಿವಿಗೆ ಸರಿ ಕೇಳದು. ಬದುಕು, ಕೋಣೆ, ಮುಖ, ಊಟ, ಕಟ್ಟಡ, ಗದ್ಯ, ಚೆಲುವು, ಇವುಗಳ ಜೊತೆ ಅದು ಚೆನ್ನಾಗಿ ಕೂರುತ್ತದೆ.

ಗದ್ಯದ ವಿಚಾರಕ್ಕೆ ಇನ್ನೊಂದು ಹಳೆಯ ಸಂಗತಿ. ಕ್ರಿ.ಪೂ. 1ನೇ ಶತಮಾನದಲ್ಲಿ ಹಾಲಿಕಾರ್ನಾಸಸ್‌ನ ಡಯೊನಿಸಿಯಸ್ ಎಂಬ ಗ್ರೀಕ್ ಆಲಂಕಾರಿಕ, ಪದ ಜೋಡಿಸುವ ರೀತಿಯಲ್ಲಿ ಮೂರು ಬಗೆ ಹೇಳಿದ: ಒಗರಿನದು, ನುಣುಪಿನದು, ಎರಡರ ಬೆರಕೆಯದು. ಒಗರಿನ ಜೋಡಣೆಯಲ್ಲಿ ಪದಗಳು ಉಜ್ಜಿ ನಯ ಮಾಡದ ದೊಡ್ಡ ಕಲ್ಲುಗಳ ಹಾಗೆ ನಿಲ್ಲುತ್ತವೆ, ನಡುವೆ ಸಂದು ಕಾಣುತ್ತದೆ, ಸದ್ದು ಒರಟು. ಕಾವ್ಯಕ್ಕೆ ಪಿಂಡಾರ್, ಇತಿಹಾಸಕ್ಕೆ ಥ್ಯೂಸಿಡಿಡೀಸ್ ಅವನ ಉದಾಹರಣೆಗಳು. ಥ್ಯೂಸಿಡಿಡೀಸ್ ಓದಲು ಕಷ್ಟದ ಲೇಖಕ! ಹಾಗಾಗಿ ಯಾರಾದರೂ ವಿಮರ್ಶಕ ಒಂದು ಪುಸ್ತಕದ ಗದ್ಯವನ್ನು ಆಸ್ಟಿಯರ್ ಎಂದರೆ ಸುಲಭವಾಗಿ ಓದಿಸಿಕೊಳ್ಳುತ್ತದೆ ಎಂದು ತಿಳಿಯಬೇಡ. ‘ಬಿಗಿಯಾದ, ಒಡವೆ ತೊಡದ ಗದ್ಯ’ ಎನ್ನಬಹುದು.

ಅನುವಾದ ಮಾಡುವಾಗ ಇಂಥ ಪದ ಎದುರಾದರೆ ಮೊದಲು ಅದು ಯಾವ ನಾಮಪದಕ್ಕೆ ಹತ್ತಿದೆ ಎಂದು ನೋಡು. ಆಮೇಲೆ ಕೇಳಿಕೋ: ಇಲ್ಲಿ ಏನು ಇಲ್ಲ? ಅದನ್ನು ಬೇಡವೆಂದವರು ಯಾರು? ಹೇಳುವವನಿಗೆ ಅದು ಮೆಚ್ಚುಗೆಯೋ, ಚಳಿ ಹುಟ್ಟಿಸಿತೋ? ಈ ಮೂರಕ್ಕೆ ಉತ್ತರ ಸಿಕ್ಕರೆ ಕನ್ನಡದ ಮಾತು ಸಿಕ್ಕಂತೆಯೇ.

ಇಂಗ್ಲಿಷಿನ ಇದೇ ಬಳಗದ ಉಳಿದ ಮಾತುಗಳೂ ಈ ಪ್ರಶ್ನೆಗಳಿಗೇ ಬಗ್ಗುತ್ತವೆ. ‘ಸ್ಪಾರ್ಟನ್’ ಎಂದರೆ ಸುಖಸೌಲಭ್ಯ ಇಲ್ಲ. ‘ಫ್ರೂಗಲ್’ ಎಂದರೆ ದುಂದು ಇಲ್ಲ. ‘ಆರ್ಟ್‌ಲೆಸ್’ ಎಂದರೆ ಕಪಟ ಇಲ್ಲ, ಕೆಲವೊಮ್ಮೆ ಕೌಶಲವೂ ಇಲ್ಲ. ‘ಸಿಂಪ್ಲಿಸ್ಟಿಕ್’ ಎಂದರೆ ಇರಲೇಬೇಕಾದದ್ದು ಇಲ್ಲ. ಅದು ಬೈಗುಳ, ಮರೆಯಬೇಡ.

ನಿನ್ನ ಪುಸ್ತಕದಲ್ಲೇ ಇರುವ ಬನವಾಸಿಯ ಪ್ಯಾರಾ ತೆಗೆದುಕೊ. ಲೇಖಕ ಮಧುಕೇಶ್ವರ ದೇವಸ್ಥಾನದ ಶಿಖರವನ್ನು ಆಸ್ಟಿಯರ್ ಎಂದಿದ್ದಾನೆ. ನೀನು ‘ಸರಳವಾದ ದೇವಸ್ಥಾನ’ ಎಂದು ಇಡೀ ಗುಡಿಗೇ ಹಚ್ಚಿಬಿಟ್ಟೆ. ಕದಂಬ ಶೈಲಿಯ ಶಿಖರ ಮೆಟ್ಟಿಲು ಮೆಟ್ಟಿಲಾಗಿ ಮೇಲೇರುತ್ತದೆ, ಕೆತ್ತನೆ ಹೆಚ್ಚಿಲ್ಲ, ತುದಿಗೆ ಕಳಶ. ಅದಕ್ಕೆ ಆ ಮಾತು ಒಪ್ಪುತ್ತದೆ. ಅದೇ ಗುಡಿಯಲ್ಲಿ ಸೋಂದೆಯ ಅರಸರು ಕೊಟ್ಟ ಕಲ್ಲಿನ ಮಂಚ ಇದೆಯಲ್ಲ, ಅದರ ಕುಸುರಿ ನೋಡಿದವರು ಯಾರೂ ಆ ದೇವಸ್ಥಾನವನ್ನು ಸಾರಾಸಗಟಾಗಿ ಸರಳ ಎನ್ನಲಾರರು. ‘ಕೆತ್ತನೆಯ ಗೋಜಿಗೆ ಹೋಗದೆ ಮೆಟ್ಟಿಲು ಮೆಟ್ಟಿಲಾಗಿ ಏರಿದ ಶಿಖರ’ ಎಂದು ಬಿಡಿಸಿ ಬರೆ. ವಿಶೇಷಣ ಹೋದರೂ ಅರ್ಥ ಉಳಿಯುತ್ತದೆ.

ತಾಳಮದ್ದಳೆಯ ಅಧ್ಯಾಯದಲ್ಲಿ ಇದು ಇನ್ನೂ ಸೂಕ್ಷ್ಮ. ಅಲ್ಲಿ ವೇಷವಿಲ್ಲ, ಕುಣಿತವಿಲ್ಲ, ಕಿರೀಟವಿಲ್ಲ. ಭಾಗವತರು, ಮದ್ದಳೆ, ಚಂಡೆ, ಪಂಚೆ ಉಟ್ಟು ಕೂತ ಅರ್ಥಧಾರಿಗಳು, ಇಷ್ಟೇ. ಲೇಖಕ ರಂಗವನ್ನು ಆಸ್ಟಿಯರ್ ಎನ್ನುತ್ತಾನೆ, ಸರಿಯೇ. ನೀನು ‘ತಾಳಮದ್ದಳೆ ಒಂದು ಸರಳ ಕಲೆ’ ಎಂದು ಮಾಡಿದ್ದೀಯ. ಕೃಷ್ಣಸಂಧಾನದಲ್ಲಿ ಕೃಷ್ಣನೂ ಕೌರವನೂ ಗಂಟೆಗಟ್ಟಲೆ ಮಾತಿಗೆ ಮಾತು ಹೆಣೆಯುವುದನ್ನು ಕೇಳಿದವರು ನಕ್ಕುಬಿಟ್ಟಾರು. ರಂಗ ಬೋಳು, ಮಾತು ತುಂಬಿ ತುಳುಕುವಂಥದ್ದು. ವಿಶೇಷಣ ರಂಗದ ಮೇಲೆ ಕೂತಿದ್ದರೆ ರಂಗದ ಮೇಲೇ ಕೂರಿಸು, ಕಲೆಯ ತಲೆಗೆ ಕಟ್ಟಬೇಡ.

ಇನ್ನು ಕಾರವಾರದ ಕಡಲ ದಂಡೆಯ ಗುಡಿಸಲು. ಇಲ್ಲಿ ತಪ್ಪು ನಿನ್ನದಲ್ಲ, ಮೂಲದ ಲೇಖಕನದು. ಆಸ್ಟಿಯರ್ ಎಂಬುದಕ್ಕೆ ಯಾರದೋ ಇಚ್ಛೆ, ಯಾವುದೋ ಶಿಸ್ತು ಬೇಕು. ಸನ್ಯಾಸಿಯ ಕೋಣೆ ಆಸ್ಟಿಯರ್. ಜೈಲಿನ ಕೋಣೆಯೂ ಹೌದು, ಕೈದಿಯ ಇಚ್ಛೆ ಅಲ್ಲದಿದ್ದರೂ ಜೈಲಿನ ಶಿಸ್ತು ಅಲ್ಲಿದೆ. ದುಡ್ಡಿಲ್ಲದ್ದಕ್ಕೆ ಸಾಮಾನಿಲ್ಲದ ಮನೆಗೆ ಆ ಮಾತು ಹೇಳಿದರೆ ಬಡತನಕ್ಕೆ ಕಾವಿ ಹೊದಿಸಿದಂತೆ. ಹೊರಗಿನಿಂದ ಬರುವ ಪ್ರವಾಸಿ ಲೇಖಕರಿಗೆ ಇದು ದೊಡ್ಡ ಚಟ. ಹಾಲಕ್ಕಿ ಒಕ್ಕಲಿಗ ಹೆಂಗಸರ ಬಗ್ಗೆಯೂ ಹೀಗೇ ಬರೆಯುತ್ತಾರೆ, ಅವರ ಕೊರಳು ತುಂಬಿದ ಮಣಿಸರಗಳನ್ನು ಕಣ್ಣಾರೆ ನೋಡಿಯೂ! ಅನುವಾದಕಿಯಾಗಿ ನೀನು ಲೇಖಕನನ್ನು ತಿದ್ದುವ ಹಾಗಿಲ್ಲ. ಆದರೆ ಅವನ ಚಟಕ್ಕೆ ಸಕ್ಕರೆ ಬೆರೆಸಬೇಕೆಂದೂ ಇಲ್ಲ. ‘ಸರಳ ಸುಂದರ ಗುಡಿಸಲು’ ಎಂದಿದ್ದೀಯ. ‘ಸುಂದರ’ ಮೂಲದಲ್ಲಿಲ್ಲ, ತೆಗೆ. ‘ಬರಿದಾದ ಗುಡಿಸಲು’ ಎಂದರೆ ಅವನ ಮಾತಿಗೂ ಹತ್ತಿರ, ಗುಡಿಸಲಿಗೂ ಅನ್ಯಾಯವಾಗದು.

‘ಆಸ್ಟೆರಿಟಿ’ ಎಂಬ ನಾಮಪದ ಮಾತ್ರ ಬೇರೆ ದಾರಿ ಹಿಡಿದಿದೆ. ಎರಡನೇ ಮಹಾಯುದ್ಧದ ಕಾಲದಲ್ಲಿ, 1942ರಲ್ಲಿ, ಬ್ರಿಟನ್ ಬಟ್ಟೆ ಉಳಿಸಲು ಉಡುಪಿನ ಮೇಲೆ ಕಟ್ಟಳೆ ಹಾಕಿತು: ಪ್ಯಾಂಟಿನ ಕಾಲಿನ ತುದಿ ಮಡಚಿ ಹೊಲಿಯುವಂತಿಲ್ಲ, ಜೇಬು ಇಷ್ಟೇ, ಗುಂಡಿ ಇಷ್ಟೇ. ಅಂಥ ಬಟ್ಟೆಗೆ ಆಸ್ಟೆರಿಟಿ ಎಂದೇ ಹೆಸರು. ಯುದ್ಧ ಮುಗಿದ ಮೇಲೂ ಸರ್ಕಾರ ಖರ್ಚು ಬಿಗಿ ಹಿಡಿಯುವುದಕ್ಕೆ ಈ ಮಾತು ಅಂಟಿಕೊಂಡಿತು. ನಮ್ಮ ಪತ್ರಿಕೆಗಳು ‘ಮಿತವ್ಯಯ’ ಎನ್ನುತ್ತವೆ, ಅದು ಸರಿಯಾಗಿದೆ. ಆದರೆ ನಿನ್ನ ಪುಸ್ತಕದಲ್ಲಿ ಮಠದ ಆಸ್ಟೆರಿಟಿ ಬಂದಾಗ ‘ಮಿತವ್ಯಯ’ ಹಾಕಬೇಡ, ಸ್ವಾಮಿಗಳು ಬಜೆಟ್ ಮಂಡಿಸಿದ ಹಾಗಾಗುತ್ತದೆ. ಅಲ್ಲಿ ‘ವ್ರತನಿಷ್ಠೆ’, ‘ಕಟ್ಟುನಿಟ್ಟು’ ಎರಡರಲ್ಲಿ ಒಂದು ಸಾಕು. ಬಹುವಚನದಲ್ಲಿ ‘ಆಸ್ಟೆರಿಟೀಸ್’ ಎಂದು ಬಂದರೆ ಉಪವಾಸ, ಜಾಗರಣೆಯಂಥ ತಪಸ್ಸಿನ ಆಚರಣೆಗಳು ಎಂದರ್ಥ.

ಪದ ಸಿಕ್ಕ ಮೇಲೂ ವಾಕ್ಯ ಕೈಕೊಡುತ್ತದೆ. ಆಸ್ಟಿಯರ್ ಕೋಣೆಯ ಬಗ್ಗೆ ನೀನು ಬರೆದದ್ದು ಹೀಗಿದೆ: ‘ಅತ್ಯಂತ ಸರಳವಾದಂತಹ ಆ ಕೋಣೆಯಲ್ಲಿ ಕೇವಲ ಒಂದು ಮಂಚವನ್ನು ಮಾತ್ರ ಇರಿಸಲಾಗಿತ್ತು.’ ಕೋಣೆ ಖಾಲಿ, ವಾಕ್ಯದ ತುಂಬ ಸಾಮಾನು. ‘ಅತ್ಯಂತ’ ತೆಗೆ. ‘ವಾದಂತಹ’ದಲ್ಲಿ ‘ಅಂತಹ’ಕ್ಕೆ ಕೆಲಸವಿಲ್ಲ. ‘ಕೇವಲ’ ಮತ್ತು ‘ಮಾತ್ರ’ ಒಂದೇ ಕೆಲಸಕ್ಕೆ ಇಬ್ಬರು ಆಳು. ‘ಇರಿಸಲಾಗಿತ್ತು’ ಕಚೇರಿಯ ಕನ್ನಡ; ಯಾರು ಇರಿಸಿದರೆಂಬುದು ಮುಖ್ಯವಲ್ಲದಿದ್ದರೆ ‘ಇತ್ತು’ ಎಂದರಾಯಿತು. ಉಳಿಯುವುದು: ‘ಆ ಬೋಳು ಕೋಣೆಯಲ್ಲಿ ಇದ್ದದ್ದು ಒಂದು ಮಂಚ.’ ಸ್ವಂತದ ಬರಹವಾಗಿದ್ದರೆ ‘ಬೋಳು’ ಕೂಡ ತೆಗೆದು, ಗೋಡೆಯ ಮೊಳೆಗೆ ತೂಗಿದ ಒಂದೇ ಅಂಗಿಯನ್ನು ತೋರಿಸು ಎನ್ನುತ್ತಿದ್ದೆ. ಅನುವಾದದಲ್ಲಿ ಇಲ್ಲದ ಅಂಗಿ ತಂದು ತೂಗುಹಾಕುವ ಹಾಗಿಲ್ಲ.

ಕತ್ತರಿಸುವ ಉತ್ಸಾಹದಲ್ಲಿ ವಿಭಕ್ತಿಗೆ ಕೈ ಹಾಕುವಾಗ ಜೋಪಾನ. ವಸ್ತುವಿಗೆ ‘ಅನ್ನು’ ಬಿಟ್ಟರೂ ನಡೆಯುತ್ತದೆ: ಮಂಚ ತಂದರು, ನೀರು ಕುಡಿದ. ಮನುಷ್ಯರಿಗೆ ಬಿಟ್ಟರೆ ವಾಕ್ಯ ಮುಗ್ಗರಿಸುತ್ತದೆ. ‘ಹುಡುಗಿ ಕರೆದ’ ಎಂದರೆ ಯಾರು ಯಾರನ್ನು ಕರೆದದ್ದು? ಸಾಲು ಸಾಲಾಗಿ ಮೂರು ಮೂರು ಪದದ ವಾಕ್ಯ ಬರೆದರೂ ಅಷ್ಟೇ, ಅದು ತಂತಿ ಸಂದೇಶದಂತೆ ಕೇಳುತ್ತದೆ. ಕನ್ನಡಕ್ಕೆ ‘ಹೋಗಿ, ಕೂತು, ನೋಡಿ’ ಎಂದು ಕ್ರಿಯೆಗಳನ್ನು ಕೊಂಡಿ ಹಾಕುವ ಗುಣ ಇದೆ, ಅದನ್ನು ಪೂರ್ತಿ ಕಡಿದರೆ ಉಸಿರು ನಿಲ್ಲುತ್ತದೆ. ಎರಡು ಮೂರು ಕೊಂಡಿ ಇರಲಿ, ಐದಾರು ಬೇಡ.

ಕೊನೆಗೆ ಗೋವೆಯ ಅಧ್ಯಾಯದ ವೈನ್. ಹಣ್ಣಿನ ಸಿಹಿ ಕಡಿಮೆ ಇದ್ದು ಹುಳಿ, ಟ್ಯಾನಿನ್ ಮುಂದಾದ ವೈನಿಗೆ ಆ ಕಸುಬಿನವರು ಈಗಲೂ ಆಸ್ಟಿಯರ್ ಎನ್ನುತ್ತಾರೆ. ಗ್ರೀಕರ ಹಳೆಯ ಅರ್ಥ ಜೀವಂತವಾಗಿ ಉಳಿದಿರುವ ಜಾಗ ಅದು. ಅಲ್ಲಿ ಏನೂ ಯೋಚಿಸದೆ ‘ಒಗರು ವೈನ್’ ಎಂದು ಬರೆ. ಬೇರೆ ಕಡೆ ‘ಒಗರು’ ತರಬೇಡ. ‘ಒಗರು ಮಾಸ್ತರು’ ಎಂದರೆ ಓದುಗರು ಅಡಿಕೆ ನೆನೆದಾರು.

ಬನವಾಸಿ ಮತ್ತು ತಾಳಮದ್ದಳೆಯ ಪುಟಗಳನ್ನು ಮೊದಲು ತಿದ್ದಿ ಕಳಿಸು, ಮೂಲದ ಆ ಪುಟಗಳ ಜೆರಾಕ್ಸ್ ಪ್ರತಿಯೂ ಜೊತೆಗಿರಲಿ. ಮಾಸ್ತರದ್ದು, ಗುಡಿಸಲಿನದು ನೀನೇ ಸರಿ ಮಾಡಿಕೊಳ್ಳುತ್ತೀಯ.

ಇಂತಿ,
ನಿನ್ನ ಬರಹ ಓದುವ ಅಣ್ಣ