ಮನೆಕಥೆ ಬರೆಯುವವರ ಗಮನಕ್ಕೆ

ಎಲ್ಲರಿಗೂ ನಮಸ್ಕಾರ. ಕರಾವಳಿ ಮನೆಗಳ ಕಥೆಯ ಈ ವಾರದ ಕಂತು ಬರೆಯುವ ಮೊದಲು ಇದನ್ನೊಮ್ಮೆ ಓದಿಬಿಡಿ.

ಅರ್ಧ ಗಂಟೆಯ ಧಾರಾವಾಹಿಯಲ್ಲಿ ಜಾಹೀರಾತು ಕಳೆದರೆ ಕಥೆಗೆ ಉಳಿಯುವುದು ಸುಮಾರು 22 ನಿಮಿಷ. ಅಷ್ಟಕ್ಕೆ ಒಂದೇ ಜಗಳ ಸಾಕು, ಆದರೆ ಅದು ಕೈಗೆ ಸಿಗುವ ವಸ್ತುವಿನ ಸುತ್ತ ಇರಲಿ: ಬೀಗದ ಕೈಗೊಂಚಲು, ಪಾಲುಪಟ್ಟಿ, ಮುಂಬೈಯಿಂದ ಬಂದ ತಮ್ಮ ಮುಟ್ಟದೆ ಬಿಟ್ಟ ನೀರುದೋಸೆ. "ಅತ್ತೆಗೆ ಸಿಟ್ಟು ಬಂತು" ಅಂದರೆ ಏನೂ ಕಾಣುವುದಿಲ್ಲ. ಸೊಸೆ ಕದಡಿಟ್ಟ ಹಿಟ್ಟಿಗೆ ಅತ್ತೆ ಮಾತಾಡದೆ ಇನ್ನೊಂದು ಲೋಟ ನೀರು ಸುರಿಯಲಿ, ಸಾಕು. ಹಾಂ, ನೀರುದೋಸೆಯ ಹಿಟ್ಟು ಮಜ್ಜಿಗೆಯಷ್ಟು ತೆಳ್ಳಗೆ, ಹುಳಿ ಬರಿಸುವುದಿಲ್ಲ. ರಾತ್ರಿಯೇ ಹುಳಿಗಿಟ್ಟರು ಎಂದು ಬರೆದರೆ ಉಡುಪಿಯಲ್ಲಿ ಯಾರೂ ಮುಂದೆ ಓದುವುದಿಲ್ಲ.

ಆಸ್ತಿ ಜಗಳದಲ್ಲಿ ಎಡವುವವರೇ ಹೆಚ್ಚು. ಬಂಟ, ಬಿಲ್ಲವ ಮುಂತಾದ ಮನೆಗಳಲ್ಲಿ ನಡೆದುಬಂದದ್ದು ಅಳಿಯಸಂತಾನ ಪದ್ಧತಿ. ಆಸ್ತಿಯ ಹಕ್ಕು ತಾಯಿಯ ಕಡೆಯಿಂದ ಬರುತ್ತಿತ್ತು. ಅಲ್ಲಿ ಗುದ್ದಾಟ ಯಜಮಾನನಾದ ಸೋದರಮಾವನಿಗೂ ಸೋದರಳಿಯನಿಗೂ. 1949ರ ಮದ್ರಾಸ್ ಅಳಿಯಸಂತಾನ ಕಾಯ್ದೆ, 1956ರ ಹಿಂದೂ ಉತ್ತರಾಧಿಕಾರ ಕಾಯ್ದೆ ಎರಡೂ ಈ ಹಕ್ಕಿನ ಲೆಕ್ಕ ಬದಲಿಸಿದವು. ಹಾಗಾಗಿ ಕಥೆಯ ಇಸವಿ ಮೊದಲೇ ತೀರ್ಮಾನಿಸಿ.

ಉಪದೇಶ ಬೇಡ. 1984ರಲ್ಲಿ ದೂರದರ್ಶನದಲ್ಲಿ ಶುರುವಾದ ಹಿಂದಿ ಧಾರಾವಾಹಿ 'ಹಮ್ ಲೋಗ್' ಕುಟುಂಬ ಯೋಜನೆಯ ಪಾಠ ಹೇಳಹೊರಟು ಮೊದಮೊದಲು ಸಪ್ಪೆಯಾಗಿತ್ತು. ಪಾಠ ತಗ್ಗಿಸಿ ಮನೆಯ ಸಂಗತಿ ಹೆಚ್ಚಿಸಿದ ಮೇಲೆ ಜನ ಅಂಟಿಕೊಂಡರು.

ತುಳು ಮಾತು ಒಂದೆರಡು ಸಾಕು. ಸಾಲಿಗೊಂದು "ಮಾರಾಯ್ರೆ" ಹಾಕಿದರೆ ಮಂಗಳೂರು ಆಗುವುದಿಲ್ಲ, ಮಿಮಿಕ್ರಿ ಆಗುತ್ತದೆ.

600 ಪದ ಮೀರದಿರಲಿ. ಶನಿವಾರ ರಾತ್ರಿ 9ರೊಳಗೆ ಟೈಪ್ ಮಾಡಿಯೇ ಹಾಕಿ. ಫೋಟೋ ಕಳಿಸಿದರೆ ತಿದ್ದಲು ಬರುವುದಿಲ್ಲ.