ಕಾಲ ಸರಿ ಮಾಡಲು ಕೆಂಪು ಗುಂಡಿ ಬೇಡ

ಸಂಪಾದಕರಿಗೆ ನಮಸ್ಕಾರ.

ಕಳೆದ ಭಾನುವಾರದ ಪುರವಣಿಯಲ್ಲಿ ಬಂದ ವಿಜ್ಞಾನ ಕಥೆ ಓದಿದೆ. ಕಾಲದ ಏರುಪೇರನ್ನು ಹಿಡಿದು ನಿಲ್ಲಿಸುವ ಯಂತ್ರ, ಅದಕ್ಕೊಂದು ಕೆಂಪು ಗುಂಡಿ, ನಾಯಕ ಅದನ್ನು ಒತ್ತಿದ ಕೂಡಲೇ ಎಲ್ಲಾ ಸರಿ. ಚೆನ್ನಾಗಿತ್ತು, ಕಾಫಿ ಆರುವಷ್ಟರಲ್ಲಿ ಓದಿ ಮುಗಿಸಿದೆ. ಆದರೆ ಆ ಗುಂಡಿಯ ಬಗ್ಗೆ ನನ್ನದೊಂದು ತಕರಾರಿದೆ. ಕಾಲವನ್ನು ಹೀಗೆ ಒಂದೇ ಏಟಿಗೆ ಸರಿ ಮಾಡಲು ಹೋದರೆ ಏನಾಗುತ್ತದೆ ಅಂತ ನಾನು ಕಣ್ಣಾರೆ ನೋಡಿದ್ದೇನೆ.

2012ರ ಜುಲೈ 1, ಭಾನುವಾರ. ಬೆಂಗಳೂರಿನ ಒಂದು ಕಂಪನಿಯಲ್ಲಿ ಸರ್ವರ್ ನೋಡಿಕೊಳ್ಳುವ ಕೆಲಸ, ನೈಟ್ ಶಿಫ್ಟ್. ಆ ದಿನ ಬೆಳಿಗ್ಗೆ 5 ಗಂಟೆ 29 ನಿಮಿಷ 59 ಸೆಕೆಂಡ್ ಆದ ಮೇಲೆ ಐದೂವರೆ ಆಗಲಿಲ್ಲ. ನಡುವೆ 60ನೇ ಸೆಕೆಂಡ್ ಅಂತ ಒಂದು ಬಂದು ಹೋಯಿತು. ಭೂಮಿ ತಿರುಗುವುದು ಪರಮಾಣು ಗಡಿಯಾರದಷ್ಟು ಕರಾರುವಾಕ್ಕಲ್ಲ, ಚಂದ್ರನ ಸೆಳೆತದಿಂದ ನಿಧಾನವಾಗಿ ಹಿಂದೆ ಬೀಳುತ್ತದೆ, ಅದಕ್ಕೆ ಗಡಿಯಾರವನ್ನು ಒಂದು ಸೆಕೆಂಡ್ ತಡೆದು ನಿಲ್ಲಿಸಿ ಭೂಮಿ ಜೊತೆಗೆ ಬರುವ ಹಾಗೆ ಮಾಡುತ್ತಾರೆ. ಲೀಪ್ ಸೆಕೆಂಡ್ ಅಂದರೆ ಇದೇ. 1972ರಿಂದ ಈವರೆಗೆ ಇಂಥವು 27 ಸೇರಿವೆ.

ಒಂದು ಸೆಕೆಂಡ್ ತಾನೇ ಅಂತ ನಾವೂ ಸುಮ್ನೆ ಇದ್ದೆವು. ಐದೂವರೆ ದಾಟಿದ್ದೇ ತಡ, ಮಷೀನುಗಳು ಒಂದರ ಹಿಂದೆ ಒಂದು ಬುಸುಗುಡತೊಡಗಿದವು. ಸರ್ವರ್ ಓಡಿಸುವ ಲಿನಕ್ಸ್ ತಂತ್ರಾಂಶದ ಒಳಗಿನ ಎರಡು ಸಮಯದ ಲೆಕ್ಕಗಳಿಗೆ ಒಂದು ಸೆಕೆಂಡ್ ತಾಳೆಯಾಗದೆ, ಮಲಗಬೇಕಿದ್ದ ಪ್ರೋಗ್ರಾಂ ತಕ್ಷಣ ಎದ್ದು, ಮತ್ತೆ ಮಲಗಿ, ಮತ್ತೆ ಎದ್ದು, ಹಠ ಹಿಡಿದ ಮಗುವಿನ ಹಾಗೆ ಪ್ರೊಸೆಸರನ್ನು ಪೂರ್ತಿ ಸುಸ್ತು ಮಾಡಿಬಿಟ್ಟಿತ್ತು. ಅದೇ ಹೊತ್ತಿಗೆ ರೆಡ್ಡಿಟ್ ಅನ್ನುವ ವೆಬ್‌ಸೈಟ್ ಬಿದ್ದಿತ್ತು, ಆಸ್ಟ್ರೇಲಿಯಾದ ಕ್ವಾಂಟಸ್ ವಿಮಾನಗಳ ಚೆಕ್-ಇನ್ ನಿಂತಿತ್ತು. ಪರಿಹಾರ ಕೇಳಿದರೆ ನಗು ಬರುತ್ತದೆ. ಈಗ ಗಂಟೆ ಎಷ್ಟು ಅಂತ ಮಷೀನನ್ನೇ ಕೇಳಿ, ಅದು ಹೇಳಿದ್ದನ್ನೇ ಅದಕ್ಕೆ ವಾಪಸ್ ಹೇಳಬೇಕು. ಅಷ್ಟೇ, ಸುಮ್ಮನಾಗುತ್ತಿತ್ತು. ಯಾವ ಕಥೆಗಾರನಿಗೆ ಇದು ಹೊಳೆದೀತು?

ಗೂಗಲ್‌ನವರು 2008ರಲ್ಲೇ ಬೇರೆ ಉಪಾಯ ಮಾಡಿದ್ದರು. ಆ ಸೆಕೆಂಡನ್ನು ಒಂದೇ ಸಲ ಸೇರಿಸದೆ ಗಂಟೆಗಟ್ಟಲೆ ಹೊತ್ತಿನಲ್ಲಿ ಹರಡಿಬಿಡುವುದು, ರೊಟ್ಟಿಗೆ ಬೆಣ್ಣೆ ಸವರಿದ ಹಾಗೆ. ಈಗ ಅವರು ಹೇಳುವ ಕ್ರಮದಲ್ಲಿ 24 ಗಂಟೆ, ಅಂದರೆ ಒಂದೊಂದು ಸೆಕೆಂಡೂ ಸುಮಾರು 11.6 ಮೈಕ್ರೋಸೆಕೆಂಡಿನಷ್ಟು ಉದ್ದ. ಯಾವ ಮಷೀನಿಗೂ ಸುಳಿವೇ ಸಿಗುವುದಿಲ್ಲ. ಕಾಲದ ಏರುಪೇರು ಕಮ್ಮಿ ಮಾಡುವ ನಿಜವಾದ ತಂತ್ರ ಇದು. ಇದರಲ್ಲಿ ಗುಂಡಿಯೂ ಇಲ್ಲ, ಕಿಡಿ ಹಾರುವುದೂ ಇಲ್ಲ. ಕಥೆಯ ಯಂತ್ರ ಏರುಪೇರನ್ನು ಒಂದು ಏಟಿಗೆ ನಿಲ್ಲಿಸಿತಲ್ಲ, ನಿಜದಲ್ಲಿ ಆ ಏಟೇ ದೊಡ್ಡ ಏರುಪೇರು.

ಹಾಗೆ ನೋಡಿದರೆ ಈ ಕಸರತ್ತು ನಮ್ಮ ಪಂಚಾಂಗದವರಿಗೆ ಹೊಸದೇನಲ್ಲ. ಚಂದ್ರನ ತಿಂಗಳು ಸೂರ್ಯನ ವರ್ಷಕ್ಕೆ ಹೊಂದದೆ ಹೋದಾಗ ಅಧಿಕ ಮಾಸ ಸೇರಿಸುತ್ತಾರೆ, 2023ರಲ್ಲಿ ಶ್ರಾವಣವೇ ಎರಡು ಬಂದಿತ್ತು. ಅಪರೂಪಕ್ಕೆ ಕ್ಷಯ ಮಾಸ ಬಂದರೆ ಒಂದು ತಿಂಗಳು ಪೂರ್ತಿ ಮಾಯ. (ಅಧಿಕ ಮಾಸದಲ್ಲಿ ಅಳಿಯನಿಗೆ ಬಾಗಿನ ಸಿಗುತ್ತದೆ, ಲೀಪ್ ಸೆಕೆಂಡಿಗೆ ನಮಗೆ ಸಿಕ್ಕಿದ್ದು ಮ್ಯಾನೇಜರ್ ಫೋನ್.)

ಆ ಕ್ಷಯದ ವಿಷಯವೇ ಈಗ ಕುತೂಹಲ ಹುಟ್ಟಿಸುತ್ತಿರುವುದು. ಕೆಲವು ವರ್ಷಗಳಿಂದ ಭೂಮಿ ಸ್ವಲ್ಪ ಜೋರಾಗಿ ತಿರುಗುತ್ತಿದೆ. 2024ರ ಜುಲೈ 5ರ ದಿನ 24 ಗಂಟೆಗಿಂತ 1.66 ಮಿಲಿಸೆಕೆಂಡ್ ಚಿಕ್ಕದಾಗಿತ್ತು. ಹೀಗೇ ಹೋದರೆ ಒಂದು ಸೆಕೆಂಡ್ ತೆಗೆಯಬೇಕಾಗಬಹುದು. ಸೇರಿಸಿದ್ದು 27 ಸಲ, ತೆಗೆದಿದ್ದು ಒಮ್ಮೆಯೂ ಇಲ್ಲ. ಧ್ರುವಗಳ ಹಿಮ ಕರಗಿ ನೀರು ಸಮಭಾಜಕದ ಕಡೆ ಹರಿಯುವುದರಿಂದ ಭೂಮಿ ತುಸು ನಿಧಾನವಾಗಿ, ಸೆಕೆಂಡ್ ತೆಗೆಯಬೇಕಾದ ಆ ದಿನ ಮುಂದಕ್ಕೆ ಹೋಗುತ್ತಿದೆಯಂತೆ. 2022ರಲ್ಲಿ ಅಳತೆ-ತೂಕಗಳ ಅಂತರರಾಷ್ಟ್ರೀಯ ಸಭೆ ಈ ಜಂಜಾಟವೇ ಬೇಡ ಅಂತ ತೀರ್ಮಾನಿಸಿತು. ಭೂಮಿಗೂ ಗಡಿಯಾರಕ್ಕೂ ಇರಬಹುದಾದ ಅಂತರವನ್ನು 2035ರೊಳಗೆ ಹೆಚ್ಚಿಸುತ್ತಾರೆ. ಆಮೇಲೆ ನಾವು ಬದುಕಿರುವಷ್ಟು ಕಾಲ ಲೀಪ್ ಸೆಕೆಂಡಿನ ಕಾಟ ಇರಲಿಕ್ಕಿಲ್ಲ. ಆದರೆ ಅಷ್ಟರೊಳಗೆ ಆ ಕ್ಷಯ ಸೆಕೆಂಡ್ ಬಂದರೆ? ಅದಕ್ಕೆ ಬರೆದಿಟ್ಟ ಪ್ರೋಗ್ರಾಂ ನಿಜವಾದ ದಿನದಲ್ಲಿ ಒಮ್ಮೆಯೂ ಓಡಿಲ್ಲ.

ಇದರ ಬಗ್ಗೆ ಪುರವಣಿಯಲ್ಲಿ ಒಂದು ಕಥೆ ಹಾಕಿ. ಅದೇ ಕಥೆಗಾರರು ಬರೆದರೆ ಇನ್ನೂ ಒಳ್ಳೆಯದು, ಅವರ ಕೈ ಚೆನ್ನಾಗಿದೆ. ಗುಂಡಿ ಮಾತ್ರ ಬೇಡ.

ಇಂತಿ,
ಒಬ್ಬ ಓದುಗ, ಬೆಂಗಳೂರು