ಪುಟ್ಟನಿಗೆ, ಬೆಲ್‌ಗ್ರೇಡಿಗೆ

ಪ್ರೀತಿಯ ಪುಟ್ಟನಿಗೆ ಸೋದರಮಾವನ ಆಶೀರ್ವಾದಗಳು.

ಆ ಹುಡುಗಿ ದೂರವಾದ ವಿಷಯ ನಿಮ್ಮಮ್ಮ ಹೇಳಿದ್ದಾಳೆ, ಕೆದಕುವುದಿಲ್ಲ. ನನ್ನ ನಿದ್ದೆ ಕೆಡಿಸಿದ್ದು ನಿನ್ನ ಪತ್ರದ ಕೊನೆಯ ಸಾಲು: 'ಈಗ ಕಫಾನಾಕ್ಕೆ ಹೋಗುವುದಿಲ್ಲ ಮಾವ, ಕೋಣೆಯಲ್ಲೇ ಬಾಟಲಿ ಇಟ್ಟುಕೊಂಡು ಆ ಹಾಡುಗಳನ್ನು ಕೇಳುತ್ತೇನೆ.' ಕುಡಿತ, ಹಾಡು ಎರಡೂ ಇರುವ ಅಲ್ಲಿಯ ಹೋಟೆಲು ಆ ಕಫಾನಾ; ದಿನಾ ಅಲ್ಲಿಗೆ ಹೋಗುತ್ತೇನೆ ಎಂದಿದ್ದರೂ ಇಷ್ಟು ದಿಗಿಲಾಗುತ್ತಿರಲಿಲ್ಲ.

ಎಂಬತ್ತರ ದಶಕದಲ್ಲಿ ಕೆಲಸದ ಮೇಲೆ ಅಲ್ಲಿದ್ದಾಗ ನಾನೂ ಆ ಚೌಕುಳಿ ಮೇಜುಬಟ್ಟೆಯ ಮುಂದೆ ಕೂತವನೇ. ಉದ್ದ ಕತ್ತಿನ ಪುಟ್ಟ ಸೀಸೆಯಲ್ಲಿ ರಾಕಿಯಾ ಎಂಬ ಪ್ಲಮ್ ಹಣ್ಣಿನ ಮದ್ಯ ಬರುತ್ತದೆ. ಲೋಟ ಎತ್ತಿ 'ಝಿವೆಲಿ' (ಚಿಯರ್ಸ್) ಎನ್ನುವಾಗ ಎದುರಿನವನ ಕಣ್ಣನ್ನು ನೋಡಲೇಬೇಕು. ಮನಸ್ಸು ಮುರಿದವನು ವಾದ್ಯದವರನ್ನು ಕರೆದು ತನ್ನ ಹಾಡು ಹೇಳಿಸುತ್ತಾನೆ, ಅಕಾರ್ಡಿಯನ್ನಿನ ಮಡಿಕೆಗೆ ನೋಟು ಸಿಕ್ಕಿಸುತ್ತಾನೆ, ತಡೆಯಲಾಗದಿದ್ದರೆ ಲೋಟವನ್ನು ನೆಲಕ್ಕೆ ಅಪ್ಪಳಿಸುತ್ತಾನೆ. (ಅದು ಬಿಲ್ಲಿಗೆ ಸೇರುತ್ತದೆ, ಬಿಡು.) ಅಷ್ಟರಲ್ಲಿ ವಾದ್ಯದವರು ಪಕ್ಕದ ಮೇಜಿಗೆ ಹೋಗಿರುತ್ತಾರೆ, ಅಲ್ಲಿ ಯಾರದೋ ಹುಟ್ಟುಹಬ್ಬ. ಅಳುತ್ತಿದ್ದವನೂ ಚಪ್ಪಾಳೆ ತಟ್ಟಬೇಕಾಗುತ್ತದೆ. ನಿನ್ನ ಮೊಬೈಲ್ ಹಾಗೆ ಎದ್ದು ಹೋಗುವುದಿಲ್ಲವಲ್ಲ ಪುಟ್ಟ.

2022ರಲ್ಲಿ ಯುನೆಸ್ಕೋ ಸರ್ಬಿಯಾದ ಪ್ಲಮ್ ಮದ್ಯವನ್ನು ಪರಂಪರೆಯ ಪಟ್ಟಿಗೆ ಸೇರಿಸಿದಾಗಲೂ ಹೆಸರಿಸಿದ್ದು ಅದರ ಸಾಮಾಜಿಕ ಆಚರಣೆಗಳನ್ನು. ಕೋಣೆಯ ಬಾಟಲಿಯನ್ನಲ್ಲ.

ನೀನು ಕೇಳುವುದು ಅಲ್ಲಿಯ ಗಾಯಕ ತೋಮಾ ಝ್ದ್ರಾವ್‌ಕೊವಿಚ್ ಹಾಡುಗಳನ್ನೇ ಇರಬೇಕು. ಗಾಯಕಿ ಸಿಲ್ವಾನಾ ಅರ್ಮೆನುಲಿಚ್‌ಗೆ ಅವಳ ಅತಿ ದೊಡ್ಡ ಹಾಡನ್ನು ಬರೆದುಕೊಟ್ಟವನು ಅವನು. 1976ರಲ್ಲಿ ಅವಳು ಕಾರು ಅಪಘಾತದಲ್ಲಿ ಹೋದಳು. 1991ರಲ್ಲಿ ಅವನೂ ಹೋದ, 53 ತುಂಬಿರಲಿಲ್ಲ. ಅವನು ಕೂಡ ತನ್ನ ದುಃಖವನ್ನು ತುಂಬಿದ ಮೇಜುಗಳ ನಡುವೆ ನಿಂತು ಹಾಡಿದವನು.

ಆಗ ನನ್ನ ಪಕ್ಕದ ಕೋಣೆಯಲ್ಲಿ ಅಲ್ಲಿಯವನೇ ಒಬ್ಬ ಫೋರ್‌ಮನ್ ಇದ್ದ. ಹೆಂಡತಿ ಬಿಟ್ಟುಹೋದ ಮೇಲೆ ಹೊರಗೆ ಬರುವುದನ್ನೇ ನಿಲ್ಲಿಸಿದ. ರಾತ್ರಿಯಿಡೀ ಗೋಡೆಯಾಚೆ ಒಂದೇ ಕ್ಯಾಸೆಟ್. ಮುಗಿದಾಗ ಅದನ್ನು ಮಗುಚಿ ಹಾಕುವ ಟಕ್ ಎನ್ನುವ ಸದ್ದು, ಮತ್ತೆ ಹಾಡು. ಅವನ ಸ್ವಂತ ವಿಷಯ, ನನಗೇಕೆ ಎಂದು ಸುಮ್ಮನಿದ್ದೆ. ಅವನನ್ನು ಆಸ್ಪತ್ರೆಗೆ ಒಯ್ದಾಗ ನಾನು ಊರಿನಲ್ಲಿರಲಿಲ್ಲ. ಆಮೇಲೆ ವಿಚಾರಿಸಲು ಮುಖವೂ ಇರಲಿಲ್ಲ. ನಿನ್ನ ಸಾಲು ಓದಿದಾಗಿನಿಂದ ಆ ಟಕ್ ಮತ್ತೆ ಕೇಳಿಸುತ್ತಿದೆ.

ಬುದ್ಧಿ ಹೇಳಲು ನಾನ್ಯಾರು? ಆದರೂ ಆ ಬಾಟಲಿಯನ್ನು ಯಾರಿಗಾದರೂ ಕೊಟ್ಟುಬಿಡು. ಕುಡಿಯಲೇಬೇಕೆನಿಸಿದರೆ ಮೊದಲು ಊಟ ಮಾಡು, ನಾಲ್ಕು ಜನರ ನಡುವೆ ಕೂರು. ಹೀಗೆ ಬರೆದೆನೆಂದು ನಿಮ್ಮಮ್ಮನಿಗೆ ಹೇಳಬೇಡ, ನನ್ನನ್ನು ಮನೆಗೆ ಸೇರಿಸಳು. ಒಬ್ಬನೇ ಇರಲಾಗದಿದ್ದರೆ ಫೋನ್ ಮಾಡು. ಅಲ್ಲಿ ನಡುರಾತ್ರಿಯಾದರೆ ಇಲ್ಲಿ ನಾನು ಹೇಗೂ ಎದ್ದಿರುತ್ತೇನೆ. ಬಾಟಲಿ ಯಾರಿಗೆ ಕೊಟ್ಟೆ ಎಂದು ಮಾತ್ರ ಮರೆಯದೆ ಬರೆ.

ನಿನ್ನ ಮಾವ